ಬಷ್ಕೀರರು ಎಲ್ಲಿ ಹೋದರು?

ಆ ಕಥೆ ನಿಮಗೆ ಗೊತ್ತಿದೆ. ಶಾಲೆಯಲ್ಲಿ ಮೇಷ್ಟ್ರು ಹೇಳಿದ್ದರು, ಹರಿಕಥೆಯ ನಡುವೆ ದಾಸರು ಬರೆದವನ ಹೆಸರು ಬಿಟ್ಟು ಹೇಳಿದ್ದರು, ಭಾಷಣಕಾರರು ಹತ್ತಾರು ಸಲ ಹೇಳಿ ಚಪ್ಪಾಳೆ ಗಿಟ್ಟಿಸಿದ್ದರು. ಪಖೋಮ್ ಎಂಬ ರೈತ, ಎಷ್ಟಿದ್ದರೂ ಅವನಿಗೆ ಸಾಲದು. ವೋಲ್ಗಾ ನದಿಯಾಚೆ ಬಷ್ಕೀರರ ಹುಲ್ಲುಗಾವಲಿನಲ್ಲಿ ಸಾವಿರ ರೂಬಲ್ ಕೊಟ್ಟರೆ ಒಂದು ಹಗಲಿನಲ್ಲಿ ನಡೆದು ಸುತ್ತು ಹಾಕಿದಷ್ಟೂ ಭೂಮಿ ಸಿಗುತ್ತದೆ ಎಂಬ ಸುದ್ದಿ ಕೇಳಿ ಹೊರಡುತ್ತಾನೆ. ಹೊತ್ತು ಮುಳುಗುವುದರೊಳಗೆ ಹೊರಟ ಗುಡ್ಡಕ್ಕೇ ಮರಳಬೇಕು ಎನ್ನುವುದೊಂದೇ ಷರತ್ತು. ಹೆಗಲ ಮೇಲೆ ಗುದ್ದಲಿ ಇಟ್ಟುಕೊಂಡು ನಡೆಯುತ್ತಾನೆ, ಮೂಲೆಮೂಲೆಗೂ ಗುಂಡಿ ತೋಡಿ ಗುರುತು ಹಾಕುತ್ತಾನೆ, ಇನ್ನೇನು ತಿರುಗಬೇಕು ಅನ್ನುವಾಗ ತೇವದ ತಗ್ಗೊಂದು ಕಣ್ಣಿಗೆ ಬೀಳುತ್ತದೆ, ಅಗಸೆ ಹಾಕಿದರೆ ಎಂಥ ಬೆಳೆ ಬಂದೀತು, ಅದನ್ನು ಬಿಟ್ಟು ಹೋಗುವುದು ಹೇಗೆ ಎಂದು ಅದನ್ನೂ ಒಳಗೆ ಸೇರಿಸಿಕೊಳ್ಳುತ್ತಾನೆ. ಹೊತ್ತು ಇಳಿಯುತ್ತದೆ. ಓಡುತ್ತಾನೆ, ಬಿದ್ದೆದ್ದು ಗುಡ್ಡ ಹತ್ತುತ್ತಾನೆ, ಬಾಯಲ್ಲಿ ರಕ್ತ ಕಾರಿ ಅಲ್ಲೇ ಒರಗುತ್ತಾನೆ. ಅವನ ಆಳು ಅದೇ ಗುದ್ದಲಿ ಹಿಡಿದು ಅವನ ಮೈಯಳತೆಗೆ ಸರಿಯಾಗಿ ಗುಂಡಿ ತೆಗೆಯುತ್ತಾನೆ.

ಲಿಯೋ ಟಾಲ್‌ಸ್ಟಾಯ್ ಈ ಕಥೆಯನ್ನು ಅಚ್ಚಿಗೆ ಕೊಟ್ಟದ್ದು 1886ರಲ್ಲಿ. ಅವತ್ತಿನಿಂದ ಇವತ್ತಿನವರೆಗೆ ಓದಿದವರೆಲ್ಲ, ಕೇಳಿದವರೆಲ್ಲ, ಕೊನೆಗೆ ಬೇಕಾಗುವುದು ಆರಡಿ ಮೂರಡಿ ಎಂದು ನಿಟ್ಟುಸಿರು ಬಿಟ್ಟಿದ್ದೇವೆ. ಬಿಟ್ಟ ಮರುದಿನವೇ ಸಬ್ ರಿಜಿಸ್ಟ್ರಾರ್ ಕಚೇರಿಯ ಮುಂದೆ ಕ್ರಯಪತ್ರ ಹಿಡಿದು ಸಾಲಿನಲ್ಲಿ ನಿಂತಿದ್ದೇವೆ. ಆ ನಿಟ್ಟುಸಿರು ನಮಗೆ ಬಹಳ ಅಗ್ಗಕ್ಕೆ ಸಿಕ್ಕಿಬಿಟ್ಟಿದೆ. ಅತಿಯಾಸೆಯವನು ಸತ್ತ, ನಾನು ಅಷ್ಟು ಅತಿಯಾಸೆಯವನಲ್ಲ, ನನ್ನದು ಬರೀ ಇಪ್ಪತ್ತು ಗುಂಟೆ ಎಂದುಕೊಂಡು ಎದ್ದು ಬರಲು ಅದು ದಾರಿ ಮಾಡಿಕೊಡುತ್ತದೆ.

ಅದಕ್ಕೇ ನಿಮ್ಮನ್ನು ಇನ್ನೊಂದು ಸಲ ಆ ಗುಡ್ಡಕ್ಕೆ ಕರೆಯುತ್ತಿದ್ದೇನೆ. ಓಡುತ್ತಿರುವವನನ್ನು ಸ್ವಲ್ಪ ಹೊತ್ತು ಬಿಡಿ, ಗುಡ್ಡದ ಮೇಲೆ ನಿಂತವರನ್ನು ನೋಡಿ. ನರಿಯ ತುಪ್ಪಳದ ಟೋಪಿಯನ್ನು ನೆಲದ ಮೇಲಿಟ್ಟು ಇಲ್ಲಿಂದ ಹೊರಟು ಇಲ್ಲಿಗೇ ಬಾ ಎಂದ ಹಿರಿಯ, ಅವನ ಸುತ್ತ ನಗುನಗುತ್ತ ನಿಂತ ಅವನ ಜನ, ದೂರದಲ್ಲಿ ಅವರ ಗುಡಾರಗಳು, ಗುಡಾರಗಳಾಚೆ ಹಾಲು ಕರೆಯುವ ಕುದುರೆಗಳು. ಭೂಮಿಯನ್ನು ಅಳೆದು ಗೊತ್ತಿಲ್ಲದವರು, ದಿನದ ಲೆಕ್ಕದಲ್ಲಿ ಮಾರುವವರು. ಪಖೋಮ್ ಸತ್ತದ್ದಕ್ಕೆ ಅವರು ಲೊಚಗುಟ್ಟುತ್ತಾರೆ, ಅಲ್ಲಿಗೆ ಕಥೆ ಮುಗಿಯುತ್ತದೆ. ಅವನಿಗೆ ಮುಂಚೆ ಎಷ್ಟು ಜನ ಹೊತ್ತು ಮುಳುಗುವುದರೊಳಗೆ ವಾಪಸು ಬಂದಿದ್ದರು, ಅವನ ನಂತರ ಎಷ್ಟು ಜನ ಬಂದರು, ಅವರೆಲ್ಲ ಗುರುತಿನ ಗುಂಡಿಗಳಿಗೆ ಬೇಲಿ ಹಾಕಿದ ಮೇಲೆ ಆ ಕುದುರೆಗಳು ಎಲ್ಲಿ ಮೇಯ್ದವು? ಬಷ್ಕೀರರು ಎಲ್ಲಿ ಹೋದರು? ನೂರಾಮೂವತ್ತಕ್ಕೂ ಹೆಚ್ಚು ವರ್ಷಗಳಿಂದ ಕಥೆ ಓದುತ್ತ ಬಂದ ನಾವು ಈ ಪ್ರಶ್ನೆ ಕೇಳಲೇ ಇಲ್ಲ.

ಚರಿತ್ರೆಯಲ್ಲಿ ಇದಕ್ಕೆ ಉತ್ತರವಿದೆ, ಸಣ್ಣ ಉತ್ತರ. 1870ರ ದಶಕದಲ್ಲಿ ಊಫಾ, ಓರೆನ್‌ಬುರ್ಗ್ ಪ್ರಾಂತಗಳಲ್ಲಿ ಬಷ್ಕೀರರ ಲಕ್ಷಾಂತರ ಎಕರೆ ಹುಲ್ಲುಗಾವಲು ಅಧಿಕಾರಿಗಳ, ವ್ಯಾಪಾರಿಗಳ, ಅವರ ನೆಂಟರಿಷ್ಟರ ಪಾಲಾಯಿತು. ಓದು ಬರಹ ಬಾರದ ಹಿರಿಯರಿಂದ ಪತ್ರದ ಮೇಲೆ ಕುಲದ ಮುದ್ರೆ ಹಾಕಿಸಿಕೊಂಡರು. ನಮ್ಮ ಕಡೆಯ ಹೆಬ್ಬೆಟ್ಟೇ ಅದು. ಬೆಲೆ ಚಿಲ್ಲರೆ ಕಾಸು. ರಷ್ಯಾದ ಪತ್ರಿಕೆಗಳಲ್ಲಿ ದೊಡ್ಡ ಗಲಾಟೆಯೇ ಆಯಿತು. ಗಲಾಟೆ ಅಡಗಿತು, ಬೇಲಿಗಳು ಉಳಿದವು.

ಈ ಪ್ರಶ್ನೆಯನ್ನು ನಾನು ಸಾವನದುರ್ಗದ ಕಡೆಯಿಂದ ಕೇಳುತ್ತಿದ್ದೇನೆ. ಹತ್ತಲಾಗದ ಬಂಡೆ ಎಂದು ಎಲ್ಲರೂ ನಂಬಿದ್ದ ಈ ದುರ್ಗವನ್ನು 1791ರ ಡಿಸೆಂಬರಿನಲ್ಲಿ ಕಾರ್ನ್‌ವಾಲಿಸನ ಪಡೆ ಟಿಪ್ಪುವಿನ ಕೈಯಿಂದ ಕಸಿದುಕೊಂಡಿತು, ತೋಪುಗಳನ್ನು ಕಾಡಿನೊಳಗೆ ಎಳೆದು ತಂದು. ಈಗ ದುರ್ಗ ಗೆಲ್ಲಲು ಹತ್ತುವ ಗೋಜೇ ಇಲ್ಲ, ಪಖೋಮನ ಹಾಗೆ ಸುತ್ತು ಹಾಕಿದರೆ ಸಾಕು. ಕರಿಗುಡ್ಡದ ನೆತ್ತಿಯಿಂದ ಕೆಳಗೆ ನೋಡಿದವರಿಗೆ ಗೊತ್ತು: ಒಂದು ಕಡೆ ಮಂಚನಬೆಲೆಯ ನೀರು, ಅದರಾಚೆ ಅರ್ಕಾವತಿ ಹರಿದ ಜಾಡು, ಈಚೆಗೆ ಕಾಡು, ಕಾಡು ಮುಗಿದಲ್ಲಿಂದ ಶುರುವಾಗುವ ರಾಗಿ ಹೊಲ, ಅವರೆ ಸಾಲು, ಮಾವಿನ ತೋಪುಗಳ ನಡುವೆ ವರ್ಷದಿಂದ ವರ್ಷಕ್ಕೆ ಹೆಚ್ಚುತ್ತಿರುವ ಬಿಳಿ ಕಾಂಪೌಂಡುಗಳು, ಹೆಂಚು ಹೊದಿಸಿದ ಹೊಸ ಮನೆಗಳು, ಕೆಲವು ಕಡೆ ನೀಲಿಯಾಗಿ ಮಿನುಗುವ ಈಜುಕೊಳ. ವಾರಕ್ಕೆರಡು ದಿನ ದೀಪ ಉರಿಯುವ ಮನೆಗಳು. 2007ರಲ್ಲಿ ರಾಮನಗರ ಜಿಲ್ಲೆಯಾದಾಗ ಗುಂಟೆಯ ದರ ಏರಿತು, 2025ರಲ್ಲಿ ಸಂಪುಟ ಅದಕ್ಕೆ ಬೆಂಗಳೂರು ದಕ್ಷಿಣ ಎಂದು ಹೆಸರಿಟ್ಟಾಗ ಮತ್ತೆ ಏರಿತು ಎಂದು ಮಾಗಡಿಯ ಟೀ ಅಂಗಡಿಗಳಲ್ಲಿ ಜನ ಹೇಳುತ್ತಾರೆ. ಊರಿನ ಹೆಸರಿಗೂ ಗುಂಟೆಯ ಲೆಕ್ಕದಲ್ಲಿ ಬೆಲೆ ಕಟ್ಟುವ ಕಾಲ ಬಂದಿದೆ.

ನಿಮ್ಮನ್ನು ದೂರುವುದಕ್ಕೆ ಇದನ್ನು ಬರೆಯುತ್ತಿಲ್ಲ. ನೀವು ಒಳ್ಳೆಯವರು. ಬೆಂಗಳೂರಿನ ಹೊಗೆಯಲ್ಲಿ ಇಪ್ಪತ್ತೈದು ವರ್ಷ ದುಡಿದು, ಮಕ್ಕಳಿಗೆ ಒಂದು ಮರ ತೋರಿಸಬೇಕು, ಅಪ್ಪನ ಕೊನೆಯ ದಿನಗಳಿಗೆ ಒಂದಿಷ್ಟು ಗಾಳಿ ಬೇಕು ಎಂದು ಪಿಎಫ್ ದುಡ್ಡು ಬಿಡಿಸಿ ಇಲ್ಲಿ ಜಾಗ ಕೊಂಡವರು. ಅಥವಾ ಇದೇ ಊರಿನಲ್ಲಿ ಹುಟ್ಟಿ, ಮಗಳ ಮದುವೆಗೆಂದೋ ಮಗನ ಫೀಸಿಗೆಂದೋ ತಾತನ ಹೊಲದ ಮೇಲೆ ಅಗ್ರಿಮೆಂಟ್ ಹಾಕಿಕೊಟ್ಟವರು. ಅಥವಾ ಕೊಂಡಿಲ್ಲ, ಮಾರಿಲ್ಲ, ದಿನಾ ಬಸ್ಸಿನಲ್ಲಿ ಆ ಬೇಲಿಯ ಪಕ್ಕದಲ್ಲೇ ಹೋಗುತ್ತ ನೋಡಿಯೂ ನೋಡದ ಹಾಗೆ ಮುಖ ತಿರುಗಿಸಿಕೊಂಡವರು. ಭಿಕ್ಷೆ ಕೇಳಿದವರಿಗೆ ಇಲ್ಲ ಅನ್ನದ ಜನ ನೀವು, ಪಕ್ಷದ ಅನ್ನವನ್ನು ಕಾಗೆಗೆ ಇಡದೆ ಉಣ್ಣದ ಜನ. ನಿಮಗೆ ಗೊತ್ತಿದೆ. ಗೊತ್ತಿಲ್ಲದವರಿಗೆ ಹೇಳಿ ಏನು ಪ್ರಯೋಜನ, ಗೊತ್ತಿರುವ ನಿಮಗೇ ಹೇಳಬೇಕು.

ಕಥೆ ಬರೆದವನೂ ನಿಮ್ಮಂಥವನೇ. ಟಾಲ್‌ಸ್ಟಾಯ್ 1828ರಲ್ಲಿ ಯಾಸ್ನಾಯಾ ಪೊಲ್ಯಾನಾದ ಜಮೀನ್ದಾರಿ ಮನೆಯಲ್ಲಿ ಹುಟ್ಟಿದವನು. ಕುದುರೆ ಹಾಲು ಹುಳಿಸಿ ಮಾಡುವ ಕುಮಿಸ್ ಕುಡಿದರೆ ಆರೋಗ್ಯಕ್ಕೆ ಒಳ್ಳೆಯದೆಂದು ಸಮಾರ ಸೀಮೆಗೆ ಹೋದ, ಅಲ್ಲಿನ ಗಾಳಿಗೆ, ಬಯಲಿಗೆ ಮನಸೋತ, 1871ರಲ್ಲಿ ಅಲ್ಲೇ 2,500 ದೆಸ್ಯಾತಿನ, ಅಂದರೆ ನಮ್ಮ ಲೆಕ್ಕದಲ್ಲಿ ಸುಮಾರು 6,700 ಎಕರೆ ಕೊಂಡ. ಏಳು ವರ್ಷ ಕಳೆದು ಇನ್ನಷ್ಟು ಸೇರಿಸಿದ. ಬಷ್ಕೀರರು ತಲೆಮಾರುಗಳಿಂದ ಕುದುರೆ ಮೇಯಿಸಿದ ಸೀಮೆ ಅದು. ಅವರ ಗುಡಾರಗಳಲ್ಲಿ ಕೂತು ಅವರ ಕುಮಿಸ್ ಕುಡಿದ, 1875ರಲ್ಲಿ ಅವರನ್ನೆಲ್ಲ ಕರೆಸಿ ಕುದುರೆ ಓಟ ಏರ್ಪಡಿಸಿದ, ಅವರನ್ನು ಪ್ರೀತಿಸಿದ ಕೂಡ. ಆ ಪ್ರೀತಿಯಿಂದ ಅವರಿಗೊಂದು ಅಂಗುಲ ನೆಲ ವಾಪಸು ಬರಲಿಲ್ಲ. 1873ರಲ್ಲಿ ಅಲ್ಲಿ ಬರ ಬಿದ್ದಾಗ ಹಳ್ಳಿಯ ಮನೆಗಳಿಗೆ ಹೋಗಿ, ಯಾರ ಕಣಜದಲ್ಲಿ ಎಷ್ಟು ಉಳಿದಿದೆ ಎಂದು ಲೆಕ್ಕ ಬರೆದು, ಮಾಸ್ಕೋದ ಪತ್ರಿಕೆಗೆ ಕಾಗದ ಹಾಕಿದವನೂ ಅವನೇ. ಕೊಂಡವನ ಕಣ್ಣಿಗೆ ಪಕ್ಕದಲ್ಲಿದ್ದವರು ಕಾಣತೊಡಗಿದ್ದರು. ಪಖೋಮನ ಕಥೆ ಬರುವುದು ಆ ಬರ ಬಿದ್ದು ಹದಿಮೂರು ವರ್ಷಕ್ಕೆ, ಐವತ್ತೇಳು ವರ್ಷದ ಜಮೀನ್ದಾರನ ಕೈಯಿಂದ. ಅದು ನೀತಿಕಥೆ ಎಂದು ನಮಗೆ ಕಲಿಸಿದರು. ನನಗೆ ಅದು ತಪ್ಪೊಪ್ಪಿಗೆಯ ಹಾಗೆ ಕೇಳಿಸುತ್ತದೆ.

ಅಲ್ಲಿಂದಾಚೆಗೆ ಆ ಮನುಷ್ಯನಿಗೆ ನಿದ್ದೆ ಬರಲಿಲ್ಲ ಅನ್ನಬೇಕು. 1891ರಲ್ಲಿ, ಹತ್ತು ವರ್ಷಗಳಿಂದ ಈಚೆಗೆ ಬರೆದದ್ದರ ಮೇಲೆ ತನಗೆ ಹಕ್ಕು ಬೇಡ ಎಂದು ಸಾರಿದ. ಅದೇ ವರ್ಷ ಕ್ಷಾಮ ಬಂದಾಗ ರ್‍ಯಾಜಾನ್ ಪ್ರಾಂತದ ಹಳ್ಳಿಗಳಲ್ಲಿ ಗಂಜಿಕೇಂದ್ರಗಳನ್ನು ತೆರೆದು ಹೆಣ್ಣುಮಕ್ಕಳ ಜೊತೆ ಬಡಿಸಿದ. ಜಮೀನನ್ನು ಬಡವರಿಗೆ ಬಿಡಬೇಕೆಂದಿದ್ದವನು ಮನೆಯವರ ಕಣ್ಣೀರಿಗೆ ಸೋತು 1892ರಲ್ಲಿ ಎಲ್ಲವನ್ನೂ ಹೆಂಡತಿ ಮಕ್ಕಳಿಗೇ ಹಂಚಿದ. ಆ ಸೋಲು ಅವನನ್ನು ಸಾಯುವವರೆಗೂ ಕೊರೆಯಿತು. ಮನೆಯೊಳಗಿನ ಒತ್ತಡ ಎಂಥದು ಎಂಬುದು ನಿಮಗೂ ಗೊತ್ತಿದೆ. ದಕ್ಷಿಣ ಆಫ್ರಿಕಾದಿಂದ ಗಾಂಧಿ ಬರೆದ ಕಾಗದಗಳಿಗೆ ಉತ್ತರಿಸಿ, ಎಂಬತ್ತೆರಡರ ವಯಸ್ಸಿನಲ್ಲಿ ರಾತ್ರೋರಾತ್ರಿ ಮನೆ ಬಿಟ್ಟು, 1910ರಲ್ಲಿ ಅಸ್ತಪೋವೊ ಎಂಬ ಸಣ್ಣ ರೈಲು ನಿಲ್ದಾಣದಲ್ಲಿ ಸತ್ತ. ಆ ನಂಟು ಗಾಂಧಿಯಿಂದ ವಿನೋಬಾಗೆ ಬಂತು. ಭೂದಾನದ ಜೋಳಿಗೆ ಹಿಡಿದ ವಿನೋಬಾ 1957ರಲ್ಲಿ ಮೈಸೂರಿನ ಪಕ್ಕದ ಯಲವಾಲಕ್ಕೂ ಬಂದರು, ಎಲ್ಲ ಪಕ್ಷದ ನಾಯಕರೂ ಅಲ್ಲಿ ಸೇರಿ ಹೌದು ಹೌದು ಎಂದರು.

ಇನ್ನೊಂದು ದಾರಿಯಿಂದಲೂ ಟಾಲ್‌ಸ್ಟಾಯ್ ನಮ್ಮ ಸೀಮೆಗೆ ಬಂದ. ಚನ್ನಪಟ್ಟಣ ತಾಲ್ಲೂಕಿನ ಚಕ್ಕೆರೆಯ ರೈತರ ಮನೆಯಲ್ಲಿ ಹುಟ್ಟಿದ ದೇಜಗೌ, ಮುಂದೆ ಮೈಸೂರು ವಿಶ್ವವಿದ್ಯಾನಿಲಯದ ಕುಲಪತಿಯಾದವರು, ಟಾಲ್‌ಸ್ಟಾಯ್ ಕಾದಂಬರಿಗಳನ್ನು ಕನ್ನಡಕ್ಕೆ ತಂದರು: ಯುದ್ಧ ಮತ್ತು ಶಾಂತಿ, ಅನ್ನಾ ಕರೆನಿನಾ, ಪುನರುತ್ಥಾನ. ಕೊನೆಯದರಲ್ಲಿ ಜಮೀನ್ದಾರನೊಬ್ಬ ತನ್ನ ಭೂಮಿಯನ್ನು ಉಳುವವರಿಗೆ ಬಿಟ್ಟುಕೊಡಲು ಹಳ್ಳಿಗೆ ಹೋಗುತ್ತಾನೆ. ಇದರಲ್ಲೇನೋ ಮೋಸವಿದೆ ಎಂದು ರೈತರು ಅವನನ್ನೇ ಅನುಮಾನಿಸುತ್ತಾರೆ. ಒಳ್ಳೆಯ ಮನಸ್ಸಿನಿಂದ ಹೋದ ಧಣಿಯ ಮುಖ ಬಾಡುವ ಆ ಸಭೆಯ ದೃಶ್ಯವನ್ನು ಚಕ್ಕೆರೆಯ ಮಗ ಬಹಳ ಚೆನ್ನಾಗಿ ಬಲ್ಲವರಾಗಿಯೇ ಬರೆದಿರಬೇಕು. ಆ ಪುಸ್ತಕಗಳು ನಿಮ್ಮ ಕಪಾಟಿನಲ್ಲಿವೆ. ನವಕರ್ನಾಟಕದ ಮಳಿಗೆಯಲ್ಲಿ ಅಗ್ಗಕ್ಕೆ ಸಿಕ್ಕ ಸೋವಿಯತ್ ಪುಸ್ತಕಗಳನ್ನೂ ಕಾಲೇಜಿನ ದಿನಗಳಲ್ಲಿ ಕೊಂಡವರು ನೀವು. ಓದಿ ಅತ್ತವರು ನೀವು.

ಹಾಗಾದರೆ ಕೇಳಿ. ದುರ್ಗದ ಬುಡದ ಒಂದು ಊರಿನ ಅಂಚಿನಲ್ಲಿ ಹೋದ ಬೇಸಿಗೆಯಲ್ಲಿ ಕಂಡದ್ದು. ಕಲ್ಲುಕಂಬ ನೆಟ್ಟು ಜಾಲರಿ ಬಿಗಿದ ಉದ್ದನೆಯ ಬೇಲಿ, ಮೇಲೆ ಮೂರೆಳೆ ಮುಳ್ಳುತಂತಿ, ಗೇಟಿನ ಪಕ್ಕ ನಾಯಿ ಇದೆ ಎಚ್ಚರಿಕೆ ಎಂಬ ಬೋರ್ಡು, ಕಂಬದ ತುದಿಯಲ್ಲಿ ಕ್ಯಾಮೆರಾ. ಬೇಲಿಯ ಒಳಗಿನಿಂದ ಹಾದು ಕೆರೆಯ ಕಡೆಗೆ ಹೋಗುವ ಕಾಲುದಾರಿ ಇನ್ನೂ ಅಳಿಸಿರಲಿಲ್ಲ, ನೂರಾರು ವರ್ಷದ ಗೊರಸು ಬಿದ್ದು ಗಟ್ಟಿಯಾದ ನೆಲದಲ್ಲಿ ಹುಲ್ಲು ಕೂಡ ಹುಟ್ಟಿರಲಿಲ್ಲ. ಬೇಲಿಯ ಕೆಳಗೆ ಒಂದು ಕಡೆ ಮಣ್ಣು ಕೆರೆದು ಆಡು ನುಸುಳುವಷ್ಟು ಸಂದು. ಆ ಸಂದಿನಲ್ಲಿ ಆಡುಗಳನ್ನು ಒಂದೊಂದಾಗಿ ನೂಕಿ, ಕೊನೆಗೆ ತಾನೂ ತಲೆ ಬಗ್ಗಿಸಿ ಸೆರಗು ತಂತಿಗೆ ಸಿಕ್ಕದ ಹಾಗೆ ಹಿಡಿದುಕೊಂಡು ನುಸುಳುತ್ತಿದ್ದಳು ಒಬ್ಬ ಮುದುಕಿ. ಕಾವಲುಗಾರ ಓಡಿ ಬಂದ.

"ಈ ಕಡೆ ಬರಬ್ಯಾಡ ಅಂತ ಎಷ್ಟು ಸಲ ಹೇಳ್ಲವ್ವ? ಓನರು ಫೋನಲ್ಲೇ ನೋಡ್ತಾರೆ, ನನ್ ಸಂಬಳ ಹಿಡೀತಾರೆ."

"ನೀರ್‍ಗೆ ಎಲ್ಲಿ ಹೋಗ್ಲಪ್ಪ? ನೀನೇ ಹೇಳು. ನಿಮ್ಮಪ್ಪ ಇದ್ದಾಗ ಹಿಂಗೇ ಅಲ್ವ ಹೋಯ್ತಿದ್ದದ್ದು?"

ಅವನು ಮಾತಾಡಲಿಲ್ಲ. ಆ ಹೊಲ ಅವನ ಅಪ್ಪನದೇ ಆಗಿತ್ತು. ಮಾರಿದ ಹೊಲಕ್ಕೆ ಮಗ ಕಾವಲು ಕೂತಿದ್ದ, ಕ್ಯಾಮೆರಾಕ್ಕೆ ಬೆನ್ನು ಮಾಡಿ ನಿಂತು, ಅವಳು ದಾಟುವವರೆಗೆ ಬೀಡಿ ಹಚ್ಚಿದ.

ಇರುಳಿಗರ ಮುದುಕಿ ಆಕೆ. ಇರುಳಿಗರು ನಿಮಗೆ ಗೊತ್ತಿದ್ದಾರೆ: ಮಾಗಡಿ, ರಾಮನಗರ, ಕನಕಪುರದ ಕಾಡಂಚುಗಳಲ್ಲಿ ಗುಡಿಸಲು ಹಾಕಿಕೊಂಡು, ಜೇನು ಬಿಡಿಸಿ, ಗೆಣಸು ಅಗೆದು, ಸೀಗೆಕಾಯಿ ಆಯ್ದು ಬದುಕಿದವರು, ನಿಮ್ಮ ಮಾವಿನ ತೋಪಿಗೆ ಕಾವಲು ಇದ್ದವರು, ನಿಮ್ಮ ಮನೆಯ ಬಾಣಂತಿಗೆ ಬೇರು ನಾರು ತಂದುಕೊಟ್ಟವರು. ಈ ಬಂಡೆಯ ಯಾವ ಬಿರುಕಿನಲ್ಲಿ ಬೇಸಿಗೆಯಲ್ಲೂ ನೀರು ನಿಲ್ಲುತ್ತದೆ, ಯಾವ ಪೊಟರೆಯಲ್ಲಿ ಹೆಜ್ಜೇನು ಕೂರುತ್ತದೆ ಎಂದು ಬಲ್ಲವರು ಅವರು. ಕಾಡು ಕಾಯ್ದಿಟ್ಟ ಅರಣ್ಯವಾದಾಗ ಅವರು ಅತಿಕ್ರಮಣಕಾರರಾದರು. ಕಾಡಿನಿಂದ ಈಚೆ ಬಂದರೆ ಗೋಮಾಳ, ಗೋಮಾಳದಿಂದ ಈಚೆ ಬಂದರೆ ಯಾರದೋ ಸರ್ವೆ ನಂಬರು. ಬಿಡದಿ ಹೋಬಳಿಯ ಬೈರಮಂಗಲದಲ್ಲಿ ಟೌನ್‌ಶಿಪ್ ಬೇಡವೆಂದು ರೈತರು ಧರಣಿ ಕೂತದ್ದನ್ನು ನೀವು ಪತ್ರಿಕೆಯಲ್ಲಿ ಓದಿದ್ದೀರಿ, ಅವರ ಸಂಕಟ ದೊಡ್ಡದು. ಅವರ ಕೈಯಲ್ಲಿ ಪಹಣಿಯಾದರೂ ಇದೆ, ಪಹಣಿ ಹಿಡಿದು ಕೂಗಿದರೆ ಟಿವಿಯವರು ಬರುತ್ತಾರೆ. ಪಹಣಿಯ ಯಾವ ಕಾಲಮ್ಮಿನಲ್ಲೂ ಹೆಸರಿಲ್ಲದ ಮುದುಕಿ ಏನು ಹಿಡಿದು ಕೂಗಬೇಕು?

ಕಾನೂನು ಇಲ್ಲವೆಂದಲ್ಲ. 1974ರಲ್ಲಿ ದೇವರಾಜ ಅರಸರು ಉಳುವವನಿಗೆ ಹೊಲ ಕೊಡಿಸಿದರು; ಗೇಣಿದಾರನಾಗಿ ಉತ್ತವನಿಗೆ ಸಿಕ್ಕಿತು, ಉಳದೆ ಅಲೆದವನಿಗೆ, ಬರೀ ಕೂಲಿ ಮಾಡಿದವನಿಗೆ ಸಿಗಲಿಲ್ಲ. ಪರಿಶಿಷ್ಟರಿಗೆ ಮಂಜೂರಾದ ಜಮೀನು ಪರಭಾರೆ ಆಗಬಾರದೆಂದು 1978ರಲ್ಲಿ ಪಿಟಿಸಿಎಲ್ ಕಾಯ್ದೆ ಬಂತು, ವಾಪಸು ಕೇಳಲು ಕಾಲಮಿತಿಯ ಅಡ್ಡಿ ಬೇಡವೆಂದು 2023ರಲ್ಲಿ ಅದಕ್ಕೆ ತಿದ್ದುಪಡಿಯೂ ಆಯಿತು. ಆದರೂ ಜಿಪಿಎ ಹೆಸರಿನಲ್ಲಿ ಆ ಜಮೀನುಗಳು ಕೈ ಬದಲಾಯಿಸುವುದು ಹೇಗೆ ಎಂದು ನಿಮ್ಮ ಬ್ರೋಕರನ್ನು ಕೇಳಿ ನೋಡಿ, ನಗುತ್ತಾನೆ. 2020ರಲ್ಲಿ ಭೂಸುಧಾರಣೆ ಕಾಯ್ದೆಯ 79ಎ, 79ಬಿ ಕಲಮುಗಳು ಹೋಗಿ, ಕೃಷಿ ಗೊತ್ತಿರಲಿ ಇಲ್ಲದಿರಲಿ, ದುಡ್ಡಿದ್ದವರು ಯಾರು ಬೇಕಾದರೂ ಹೊಲ ಕೊಳ್ಳಬಹುದು ಎಂದಾಯಿತು. ನೂರು ರಾಸಿಗೆ 12 ಹೆಕ್ಟೇರ್, ಅಂದರೆ ಸುಮಾರು ಮೂವತ್ತು ಎಕರೆ ಗೋಮಾಳ ಬಿಡಬೇಕೆಂದು ಭೂಕಂದಾಯ ನಿಯಮ ಇವತ್ತಿಗೂ ಹೇಳುತ್ತದೆ. ರಾಸು ಕಡಿಮೆಯಾದವು ಎಂದು ಗೋಮಾಳ ಕಡಿಮೆ ಮಾಡುತ್ತಾರೆ, ಗೋಮಾಳ ಕಡಿಮೆಯಾಯಿತು ಎಂದು ಜನ ರಾಸು ಮಾರುತ್ತಾರೆ. ಹಸು ಅರ್ಜಿ ಬರೆಯುವುದಿಲ್ಲ. ಆನೆ ತಹಸೀಲ್ದಾರರ ಕಚೇರಿಗೆ ಬರುವುದಿಲ್ಲ, ಕನಕಪುರದ ಕಡೆಯಿಂದ ಹಳೆಯ ಜಾಡು ಹಿಡಿದು ರಾತ್ರಿ ಬರುತ್ತದೆ, ಜಾಡಿಗೆ ಅಡ್ಡ ಕಟ್ಟಿದ ಸೋಲಾರ್ ಬೇಲಿಗೆ ಮೈ ತಾಗಿಸಿಕೊಂಡು ಘೀಳಿಟ್ಟು ಬಡವನ ಬಾಳೆತೋಟಕ್ಕೆ ತಿರುಗುತ್ತದೆ. ಕಟ್ಟಿದವನು ಬೆಂಗಳೂರಿನಲ್ಲಿ ಮಲಗಿರುತ್ತಾನೆ, ತುಳಿತಕ್ಕೆ ಸಿಗುವವನು ಇಲ್ಲಿರುತ್ತಾನೆ.

ಮಾತಿಲ್ಲದವರ ಬಾಯಿಂದಲೂ ಟಾಲ್‌ಸ್ಟಾಯ್ ಒಂದು ಕಥೆ ಹೇಳಿಸಿದ್ದಾನೆ. ಖೊಲ್‌ಸ್ತಮೇರ್ ಎಂಬ ಮುದಿ ಕುದುರೆ, ಮಚ್ಚೆ ಮೈಯದು, ಲಾಯದ ಎಳೆಯ ಕುದುರೆಗಳಿಗೆ ತನ್ನ ಬಾಳು ಹೇಳಿಕೊಳ್ಳುತ್ತದೆ. ಕಾಲಿಟ್ಟೂ ನೋಡದ ನೆಲವನ್ನು ತಮ್ಮದೆನ್ನುವ ಮನುಷ್ಯರ ವಿಚಿತ್ರ ಅದಕ್ಕೆ ಅರ್ಥವೇ ಆಗುವುದಿಲ್ಲ. ಆ ಕುದುರೆ ಸತ್ತ ಮೇಲೆ ಅದರ ಮಾಂಸ ತೋಳದ ಮರಿಗಳ ಹೊಟ್ಟೆಗಾಯಿತು. ಅದನ್ನು ಓಡಿಸಿ ಹಾಳು ಮಾಡಿದ ಧಣಿ ಸತ್ತಾಗ ಯಾರಿಗೂ ಏನೂ ಉಪಯೋಗವಾಗಲಿಲ್ಲ ಎಂದು ಕಥೆ ನಿರ್ದಯವಾಗಿ ಮುಗಿಯುತ್ತದೆ. ರಾಮದೇವರ ಬೆಟ್ಟದ ರಣಹದ್ದುಗಳಿಗೆ 2012ರಲ್ಲಿ ಅಭಯಧಾಮ ಮಾಡಿದಾಗ ನಾವು ಹೆಮ್ಮೆಪಟ್ಟೆವು. ಹದ್ದಿಗೆ ಕೂರಲು ಬಂಡೆ ಉಳಿಸಿದೆವು, ಇಳಿದು ಉಣ್ಣಲು ಬಯಲು ಉಳಿಸಿದೆವೇ? ದನ ಮೇಯುವ ಬಯಲೇ ಇಲ್ಲವಾದ ಮೇಲೆ ಸತ್ತ ದನ ಎಲ್ಲಿಂದ ಬರಬೇಕು?

ಆದರೆ ಇವತ್ತು ನಿಮ್ಮ ಮುಂದಿಡಬೇಕು ಅನ್ನಿಸಿದ್ದು ಇನ್ನೊಂದು ಕಥೆ, 1895ರದು, ಪಖೋಮನಷ್ಟು ಹೆಸರಾಗದ್ದು. ಬ್ರೆಖುನೋವ್ ಎಂಬ ಹಳ್ಳಿಯ ವರ್ತಕನಿಗೆ ಪಕ್ಕದ ಜಮೀನ್ದಾರನ ಮರಗಳ ತೋಪು ಬೇಕಾಗಿದೆ. ಪಟ್ಟಣದ ವ್ಯಾಪಾರಿಗಳು ಬರುವ ಮೊದಲೇ ಅಡ್ವಾನ್ಸ್ ಕೊಟ್ಟು ಮೂರನೇ ಒಂದರಷ್ಟು ಬೆಲೆಗೆ ಮುಗಿಸಿಬಿಡಬೇಕೆಂದು ಹಿಮದ ಬಿರುಗಾಳಿಯಲ್ಲೇ ಜಾರುಬಂಡಿ ಕಟ್ಟಿಸುತ್ತಾನೆ, ಜೊತೆಗೆ ಆಳು ನಿಕಿತ. ದಾರಿ ತಪ್ಪುತ್ತದೆ. ಒಂದು ಊರಿನವರು ರಾತ್ರಿ ಇಲ್ಲೇ ಉಳಿಯಿರಿ ಎಂದರೂ ಕೇಳದೆ ಹೊರಡುತ್ತಾನೆ, ಮತ್ತೆ ತಪ್ಪುತ್ತದೆ. ನಡುರಾತ್ರಿಯಲ್ಲಿ ಆಳನ್ನು ಅಲ್ಲೇ ಬಿಟ್ಟು ಕುದುರೆ ಏರಿ ತಾನೊಬ್ಬನೇ ಪಾರಾಗಲು ನೋಡುತ್ತಾನೆ. ಹಿಮದಲ್ಲಿ ಸುತ್ತು ಹೊಡೆದು ಸುತ್ತು ಹೊಡೆದು ಕುದುರೆ ಮತ್ತೆ ಅದೇ ಜಾರುಬಂಡಿಯ ಹತ್ತಿರ ತಂದು ನಿಲ್ಲಿಸುತ್ತದೆ. ನಿಕಿತ ಮರಗಟ್ಟುತ್ತಿದ್ದಾನೆ. ಅಲ್ಲಿಯವರೆಗೆ ಅವನ ಸಂಬಳದಲ್ಲಿ ಮೋಸ ಮಾಡಿಕೊಂಡೇ ಬಂದಿದ್ದ ಧಣಿ ಒಂದು ಗಳಿಗೆ ಸುಮ್ಮನೆ ನಿಂತು, ತುಪ್ಪಳದ ಕೋಟು ಬಿಚ್ಚಿ ಹರಡಿ, ಆಳಿನ ಮೈಮೇಲೆ ಒರಗುತ್ತಾನೆ, ಬೆಳಗಿನವರೆಗೆ ಅಲ್ಲಿಂದ ಕದಲುವುದಿಲ್ಲ. ಧಣಿ ಸತ್ತ, ನಿಕಿತ ಬದುಕಿದ.

ಅವನಿಗೆ ಯಾರೂ ಉಪದೇಶ ಮಾಡಲಿಲ್ಲ. ಪಾದ್ರಿ ಬರಲಿಲ್ಲ, ದೇವದೂತ ಇಳಿಯಲಿಲ್ಲ. ಕುದುರೆ ವಾಪಸು ತಂದು ನಿಲ್ಲಿಸಿತು, ಮನುಷ್ಯ ಕಣ್ಣಿಗೆ ಬಿದ್ದ, ಅಷ್ಟೆ. ಜಮೀನು ಕೊಳ್ಳಲು ಹೊರಟವನ ಬಗ್ಗೆಯೇ ಟಾಲ್‌ಸ್ಟಾಯ್ ಎರಡು ಕಥೆ ಬರೆದ. ಒಂಬತ್ತು ವರ್ಷದ ಹಿಂದೆ ಕೊಳ್ಳುವವನನ್ನು ಮಣ್ಣು ಮಾಡಿದ್ದವನು ಎರಡನೆಯ ಸಲಕ್ಕೆ ಅವನ ಮೇಲೆ ಭರವಸೆ ಇಟ್ಟ. ನಾನೂ ಆ ಭರವಸೆಯಿಂದಲೇ ನಿಮ್ಮ ಹತ್ತಿರ ಬಂದಿದ್ದೇನೆ. ಪ್ರಾಣ ಕೊಡಿ ಎಂದು ಯಾರೂ ಕೇಳುತ್ತಿಲ್ಲ. ಕೊಂಡದ್ದನ್ನು ವಾಪಸು ಕೊಡಿ ಎಂದೂ ಕೇಳುತ್ತಿಲ್ಲ, ಕೊಟ್ಟರೆ ದೊಡ್ಡ ಮಾತು. ಆ ಮುದುಕಿ ಬಗ್ಗದೆ, ನೆಟ್ಟಗೆ ನಡೆದು ಕೆರೆಗೆ ಹೋಗುವಷ್ಟು ಅಗಲದ ದಾರಿ ಬಿಡಿ ಎಂದು ಕೇಳುತ್ತಿದ್ದೇನೆ.

ಆ ದಾರಿ ನಿಮ್ಮ ದಯೆಯಿಂದ ಹುಟ್ಟುವಂಥದ್ದೇನೂ ಅಲ್ಲ. ನಿಮ್ಮ ಊರಿನ ಗ್ರಾಮ ನಕ್ಷೆಯನ್ನು ಸರ್ವೆ ಇಲಾಖೆಯಿಂದ ತೆಗೆಸಿ ನೋಡಿ: ಬಂಡಿದಾರಿ, ಕಾಲುದಾರಿ, ಹಳ್ಳ, ಕಾಲುವೆ ಎಲ್ಲ ಅದರಲ್ಲಿ ಗೆರೆ ಹಾಕಿವೆ, ಬಿ ಖರಾಬು ಎಂದು ದಾಖಲಾಗಿವೆ, ಮಾರುವವನಿಗೂ ಕೊಳ್ಳುವವನಿಗೂ ಅದರ ಮೇಲೆ ಹಕ್ಕಿಲ್ಲ. ಬೇಲಿ ಹಾಕಿಸುವ ದಿನ ಆ ಗೆರೆಯನ್ನು ಹಿಡಿದು ಒಮ್ಮೆ ನಡೆಯಿರಿ. ಬ್ರೋಕರನನ್ನು ಅವತ್ತು ಮನೆಯಲ್ಲೇ ಬಿಟ್ಟು, ಊರಿನ ದನಗಾಹಿಯನ್ನು ಕರೆದುಕೊಂಡು ನಡೆಯಿರಿ, ರಾಸು ಎಲ್ಲಿ ನೀರು ಕುಡಿಯುತ್ತಿದ್ದವು ಎಂದು ಕೇಳಿ. ಇನ್ನೂ ಕೊಂಡಿಲ್ಲವಾದರೆ, ಇದು ಗ್ರಾಂಟ್ ಜಮೀನೇ, ಯಾರಿಗೆ ಮಂಜೂರಾಗಿತ್ತು, ಅವರ ಮಕ್ಕಳು ಈಗ ಎಲ್ಲಿದ್ದಾರೆ ಎಂದು ಸಹಿಗೆ ಮುಂಚೆ ಕೇಳಿ. ಲಾಯರು ಟೈಟಲ್ ಕ್ಲಿಯರ್ ಎಂದರೆ ಸಾಕೆಂದುಕೊಳ್ಳಬೇಡಿ. ಬಷ್ಕೀರರ ಭೂಮಿಯ ಪತ್ರಗಳ ಮೇಲೂ ಮುದ್ರೆ ಇತ್ತು.

ಮತ್ತೆ ನೀವು, ಊರಲ್ಲೇ ಉಳಿದವರು, ನೀವು ಮಾಡಬಹುದಾದದ್ದು ಇನ್ನೂ ದೊಡ್ಡದು. 2006ರ ಅರಣ್ಯ ಹಕ್ಕು ಕಾಯ್ದೆಯಲ್ಲಿ ಇರುಳಿಗರು ಅರ್ಜಿ ಹಾಕಿದರೆ ಅದು ಮೊದಲು ಬರುವುದು ಗ್ರಾಮಸಭೆಯ ಮುಂದೆ. ಡಿಸೆಂಬರ್ 2005ಕ್ಕೆ ಮುಂಚೆಯೇ ಇಲ್ಲಿದ್ದೆ ಎನ್ನುವುದಕ್ಕೆ ಏನು ಆಧಾರ, ದಾಖಲೆ ತಾ ಎಂದು ಅವರನ್ನು ಕೇಳುತ್ತಾರೆ. ಗುಡಿಸಲಿಗೆ ಯಾವ ದಾಖಲೆ? ಆದರೆ ಆ ಕಾಯ್ದೆಯ 13ನೇ ನಿಯಮ ಓದಿ ನೋಡಿ: ಅರ್ಜಿ ಹಾಕಿದವರಲ್ಲದ ಊರಿನ ಹಿರಿಯರು ಕೊಟ್ಟು ಬರೆಸಿದ ಹೇಳಿಕೆಯೂ ಸಾಕ್ಷ್ಯ, ಹಳೆಯ ಸಮಾಧಿ, ದೇವರ ಕಲ್ಲು, ಬಾವಿಯ ಗುರುತೂ ಸಾಕ್ಷ್ಯ. ಅಂದರೆ ನಿಮ್ಮ ನೆನಪೇ ದಾಖಲೆ. ನಿಮ್ಮ ಅಜ್ಜಿಗೆ ಯಾರು ಜೇನು ತಂದುಕೊಡುತ್ತಿದ್ದರು, ಜಾತ್ರೆಯಲ್ಲಿ ವೀರಭದ್ರಸ್ವಾಮಿಯ ಗುಡಿಯ ಹತ್ತಿರ ಯಾರ ಗುಡಿಸಲುಗಳಿದ್ದವು, ಯಾವ ಬಂಡೆಯ ಕೆಳಗೆ ಅವರ ಹಿರಿಯರನ್ನು ಮಣ್ಣು ಮಾಡಿದ್ದಾರೆ, ನಿಮಗೆ ಗೊತ್ತಿದೆ. ಅರವತ್ತು ದಾಟಿದ ಪ್ರತಿಯೊಬ್ಬರಿಗೂ ಗೊತ್ತಿದೆ. ಆದರೆ ಆ ಅರ್ಜಿ ಮುಂದೆ ಬರುವ ದಿನ ಸಭೆಗೆ ಕೋರಂ ಆಗಲಿಲ್ಲವೆಂದು ಮುಂದೂಡುತ್ತಾರೆ, ಏಕೆಂದರೆ ನೀವು ಬರುವುದಿಲ್ಲ. ನಮಗೇಕೆ ಊರ ಉಸಾಬರಿ ಎಂದು ಕೂರುತ್ತೀರಿ, ಯಾರದೋ ನಿಷ್ಠುರ ಎಂದು ಹಿಂಜರಿಯುತ್ತೀರಿ.

ದಯವಿಟ್ಟು ಬನ್ನಿ. ಮುಂದಿನ ಗ್ರಾಮಸಭೆಯ ನೋಟಿಸು ಪಂಚಾಯಿತಿಯ ಗೋಡೆಗೆ ಅಂಟಿದ ದಿನವೇ ತಾರೀಖು ಬರೆದಿಟ್ಟುಕೊಳ್ಳಿ, ಬರುವಾಗ ಮನೆಯ ಹಿರಿಯರನ್ನು ಕೈಹಿಡಿದು ಕರೆತನ್ನಿ. ಅವರಿಗೆ ಮುಂದಿನ ಸಾಲಿನಲ್ಲಿ ಕುರ್ಚಿ ಕೊಡಿಸಿ. ಅವರು ಕಂಡದ್ದನ್ನು ಅವರ ಮಾತಿನಲ್ಲೇ ಹೇಳಲಿ, ಕಾರ್ಯದರ್ಶಿ ಬರೆದುಕೊಳ್ಳಲಿ, ಬರೆದದ್ದನ್ನು ಗಟ್ಟಿಯಾಗಿ ಓದಿಸಿ ಕೇಳಿ. ತಪ್ಪಿದ್ದರೆ ತಿದ್ದಿಸಿ, ನಡಾವಳಿಯ ನಕಲು ಪಡೆಯಿರಿ, ಕೆಳಗೆ ನಿಮ್ಮ ಸಹಿ ಹಾಕಿ.